ಬಸುರಿಗಲ್ಲು

ಚಿಯಾತುರಾದ ಗಣಿಬಾಯಲ್ಲಿ ತೂಕದ ಮನೆ ನನ್ನದು.
ಹತ್ತೊಂಬತ್ತು ವರ್ಷ ಮ್ಯಾಂಗನೀಸ್ ತೂಗಿದ್ದೇನೆ,
ಕಪ್ಪು ಧೂಳು ಉಗುರಿನ ಸಂದಿಯಲ್ಲೇ ಸಂಸಾರ ಹೂಡಿದೆ.
ಮುಳ್ಳು ನಿಂತಲ್ಲಿ ನಿಂತದ್ದನ್ನು ಬರೆಯುವುದು,
ಗುಲಗಂಜಿ ಹೆಚ್ಚಿಲ್ಲ, ಗುಲಗಂಜಿ ಕಡಿಮೆಯಿಲ್ಲ,
ಇಷ್ಟೇ ನನ್ನ ವಿದ್ಯೆ.

ಅದನ್ನು ತಂದವನು ಓತಿಯಾ,
ಆರನೆಯ ಸುರಂಗದ ಕೊನೆಯಿಂದ, ಟೋಪಿಯೊಳಗೆ,
ಕೋಳಿಮರಿ ತರುವ ಹಾಗೆ ಅಂಗೈ ಮುಚ್ಚಿ.
"ತ್ಸಿಯಾಲಾ, ಇದರ ತೂಕ ಹೇಳು ನೋಡೋಣ."
ಮುಷ್ಟಿಯಷ್ಟು ಕಲ್ಲು, ಮೈಯೆಲ್ಲ ತೂತು,
ತೂತು ತೂತಿನೊಳಗೂ ಅಂಥದೇ ಒಂದು ಕಲ್ಲು,
ಅದಕ್ಕೂ ಮೈಯೆಲ್ಲ ತೂತು.
ಕನ್ನಡಕ ತೆಗೆದೆ, ಸೆರಗಿಲ್ಲದ ಅಂಗಿಯ ಅಂಚಿನಲ್ಲಿ ಒರೆಸಿ ಹಾಕಿದೆ,
ಅಲ್ಲಿಗೂ ಮುಗಿದಿರಲಿಲ್ಲ.
ಗಡಿಯಾರದ ವಜಾ ಕೊಟ್ಟ ಭೂತಗನ್ನಡಿಯಲ್ಲಿ
ಎಷ್ಟು ಹತ್ತಿರ ಹೋದೆನೋ
ಅದು ಅಷ್ಟೇ ದೂರದಲ್ಲಿ ಕೂತಿತ್ತು.

ಗಣಿಯವರು ಬಸುರಿಗಲ್ಲು ಅಂದರು.

ನೂನು ಅತ್ತೆ ಅದರ ಅಂಚು ಅಳೆಯಲು ಹೊರಟಳು.
ದಪ್ಪ ಉಣ್ಣೆಯಲ್ಲಿ ಮೂರು ಗೇಣು.
ಹೊಲಿಗೆಯ ನೂಲಿನಲ್ಲಿ ಹನ್ನೊಂದು.
ರೇಷ್ಮೆಯ ಎಳೆ ಹಿಡಿದು ಸಂಜೆಯ ತನಕ ಕೂತಳು,
ಉಂಡೆ ಮುಗಿಯಿತು, ಅಂಚು ಮುಗಿಯಲಿಲ್ಲ.
"ಇದು ಕಲ್ಲಲ್ಲ, ಅತ್ತೆ-ಸೊಸೆ ಜಗಳ" ಅಂದು ಎದ್ದು ಹೋದಳು.

ಒಡೆದದ್ದು ಅಕಸ್ಮಾತ್ತು. ತಕ್ಕಡಿಯಿಂದ ಜಾರಿತು.
ಎರಡು ಹೋಳು,
ಎರಡೂ ಮೊದಲಿನಷ್ಟೇ ಗಾತ್ರ, ಮೊದಲಿನದೇ ಮೈ;
ತೂಕವನ್ನು ಮಾತ್ರ ಸರಿಯಾಗಿ ಹಂಚಿಕೊಂಡಿದ್ದವು,
ಒಳ್ಳೆಯ ಅಣ್ಣತಮ್ಮಂದಿರ ಹಾಗೆ.
ನಾಲ್ಕು ಸಲ ತೂಗಿದೆ. ಓತಿಯಾ ನಕ್ಕ:
"ಪೂರ್ತಿ ಯಾವುದು ಈಗ?"

ಇನ್ನೊಂದು ಗುಣ ತಡವಾಗಿ ತಿಳಿಯಿತು.
ಬೆಂಕಿಯ ಪಕ್ಕ ಇಟ್ಟರೂ ಮಂಜಿನಷ್ಟು ತಣ್ಣಗೆ;
ಬಿಸಿ ಒಳಗೆ ಹೋಗುತ್ತದೆ,
ಒಳಗಿನ ಒಳಗೆ, ಆ ಒಳಗಿನ ಓಣಿಗೆ,
ದಾರಿ ಕೇಳಿಕೊಂಡು ಅಲೆಯುತ್ತಿರಬೇಕು.
ಜನವರಿಯ ಒಲೆಯ ಕಾವು
ಜುಲೈಯಲ್ಲಿ ಹೊರಬಂದು
ಕಪಾಟಿನಲ್ಲಿದ್ದ ಚೀಸು ಕರಗಿಸಿತು.

ಆರನೆಯ ಸುರಂಗ ಕುಸಿದದ್ದು ಒಂದು ಫೆಬ್ರವರಿ.
ನಾಲ್ವರು. ಪಟ್ಟಿ ಬರೆದವಳು ನಾನೇ,
ಓತಿಯಾ ಮೂರನೆಯ ಸಾಲು.

ನಲವತ್ತನೆಯ ದಿನದ ಊಟವಾದ ಮೇಲೆ
ಯಾರೋ ಸುತ್ತಿಗೆ ತಂದರು.
ಮೂವತ್ತೇಳು ಮನೆಗೆ ಮೂವತ್ತೇಳು ಕಲ್ಲು,
ಒಂದೊಂದೂ ಮುಷ್ಟಿಯಷ್ಟು,
ಒಂದೊಂದೂ ಒಣ ಅಕ್ರೋಟಿನ ಸಿಪ್ಪೆಯಷ್ಟು ಹಗುರ,
ಗಾಳಿಗೆ ಹಾರದಿರಲೆಂದು ಮೇಲೆ ಬಟ್ಟಲು ಕವುಚಿದೆವು.
ಎತೇರಿ ಮಾತ್ರ ಕೈ ಚಾಚಲಿಲ್ಲ.
"ಗಂಡನನ್ನು ನುಂಗಿದ್ದರ ಮರಿ
ನನ್ನ ಮನೆಗೆ ಬೇಡ."

ಟಿಬಿಲಿಸಿಯಿಂದ ವಿಜ್ಞಾನಿಗಳು ಬಂದರು, ಬೂಟಿಗೆ ಚೀಲ ಕಟ್ಟಿಕೊಂಡು.
ಪೂರ್ತಿ ಕಲ್ಲು ಎಲ್ಲಿ ಎಂದು ಕೇಳಿದರು.
ನಮಗೆ ಉತ್ತರ ಹೊಳೆಯಲಿಲ್ಲ; ಚಹಾ ಕೊಟ್ಟೆವು.

ನಾಲ್ಕನೆಯ ಚಳಿಗಾಲ, ನಡುರಾತ್ರಿ,
ಬಟ್ಟಲು ಟಕ್ಕೆಂದಿತು. ಎತ್ತಿ ನೋಡಿದೆ.
ಕಲ್ಲು ಬೆಚ್ಚಗಿತ್ತು. ಒಲೆಯ ಕಾವಲ್ಲ,
ಅದಕ್ಕೊಂದು ಆಕಾರವಿತ್ತು:
ಅಂಗೈ, ಹೆಬ್ಬೆರಳು, ಮತ್ತೆ ಮೂರು ಬೆರಳು.
ಕಿರುಬೆರಳಿನ ಜಾಗ ತಣ್ಣಗೆ.
ಓತಿಯಾನ ಕಿರುಬೆರಳನ್ನು
ರಾಟೆಯ ಹಗ್ಗ ಕೊಂಡೊಯ್ದದ್ದು ಊರಿಗೇ ಗೊತ್ತು.
ಟೋಪಿಯೊಳಗೆ ಮುಚ್ಚಿ ತಂದನಲ್ಲ, ಆ ದಿನದ ಬಿಸಿ.
ಬೆಳಗಿನ ತನಕ ಹಿಡಿದು ಕೂತೆ.

ಕಾಲಂ ಎಳೆದು ಬರೆಯಹೋದೆ, ಮುಳ್ಳು ನಿಲ್ಲಲಿಲ್ಲ.
ಖಾಲಿ ಬಿಟ್ಟಿದ್ದೇನೆ.

ಬೆಳಿಗ್ಗೆ ನಲ್ಲಿಯ ಬಳಿ ಒಬ್ಬರೂ ಮಾತಾಡಲಿಲ್ಲ.
ಎಲ್ಲರ ಬಲಗೈಯೂ ಜೇಬಿನಲ್ಲಿ.
ಕೆಳಗೆ ಕ್ವಿರಿಲಾ ಕಪ್ಪಗೆ ಹರಿಯುತ್ತಿತ್ತು.
ಎತೇರಿ ಬಂದಳು, ಬರಿಗೈಯಲ್ಲಿ ಬಕೆಟ್ಟು,
ನಮ್ಮನ್ನೊಮ್ಮೆ ನೋಡಿ ತಿರುಗಿಸಿದಳು ನಲ್ಲಿ,
ತುಂಬಿತು, ತುಂಬಿ ಚೆಲ್ಲಿತು.
ನಾನು ಕೈ ಹೊರತೆಗೆದು
ಹಿಡಿಯ ಒಂದು ಬದಿ ಹಿಡಿದೆ. ಅರ್ಧ ಭಾರ.
ಬೆರಳಿಗೆ ಬೆರಳು ತಗುಲಿತು.

"ಏನೇ ಇದು," ಅಂದಳು ಎತೇರಿ,
"ಇಷ್ಟು ಚಳಿಯಲ್ಲಿ, ನಿನ್ನ ಕೈ?"